ನರನ ಕಣ್ಣು, ತೆಂಗಿನ ಮರ

‘ನರನ ಕಣ್ಣಿಗೆ ಮರವೂ ಸಿಡಿಯುತ್ತದೆ’ ಎಂಬ ಗಾದೆಯನ್ನು ಕೇಳದ ಕನ್ನಡಿಗರು ವಿರಳ. ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿಗಳ ಕಡೆ ಇದು ಬರಿಯ ಅಲಂಕಾರದ ಮಾತಲ್ಲ; ಅಲ್ಲಿ ಮರವೆಂದರೆ ತೆಂಗು, ತೆಂಗೆಂದರೆ ಮನೆಯ ಬಾಳು.

ದೃಷ್ಟಿಯ ಭಯ ಹುಟ್ಟುವುದು ಕಾಯುವಿಕೆಯಲ್ಲಿ. ಹೊಂಬಾಳೆ ಒಡೆದ ಮೇಲೆ ಕಾಯಿ ಬಲಿಯಲು ಒಂದು ವರ್ಷ ಬೇಕು. ಬಲಿತ ಕಾಯಿ ಅಟ್ಟದ ಮೇಲೆ ಒಣಗಿ, ಉಂಡೆಕೊಬ್ಬರಿಯಾಗಿ ತಿಪಟೂರಿನ ಮಾರುಕಟ್ಟೆಯನ್ನು ಸೇರಲು ಮತ್ತೆ ಹಲವು ತಿಂಗಳು. ಮರದ ಮೇಲಿರುವಷ್ಟು ಕಾಲವೂ ಆ ಸಂಪತ್ತು ದಾರಿಹೋಕರೆಲ್ಲರ ಕಣ್ಣೆದುರಿಗೆ ತೂಗುತ್ತಿರುತ್ತದೆ. ಧಾನ್ಯವನ್ನು ಕಣಜದಲ್ಲಿ ಮುಚ್ಚಿಡಬಹುದು, ಗೊನೆಯನ್ನು ಮುಚ್ಚಿಡುವುದೆಂತು?

ಆದುದರಿಂದಲೇ ನಮ್ಮ ಹೊಲತೋಟಗಳಲ್ಲಿ ಸುಣ್ಣದ ಬೊಟ್ಟಿಟ್ಟ ಕರಿಯ ಮಡಕೆ, ಹಳೆಯ ಕೆರ, ಬೆದರುಬೊಂಬೆ. ನೋಡುವ ಕಣ್ಣು ಮೊದಲು ಇವುಗಳ ಮೇಲೆ ಬೀಳಲಿ ಎಂಬುದು ಅದರ ಹಿಂದಿನ ತರ್ಕ. ಮಗುವಿನ ಕೆನ್ನೆಯ ಕಾಡಿಗೆಯ ಬೊಟ್ಟೂ ಹಾಗೆಯೇ: ಅಂದದಲ್ಲಿ ಒಂದು ಕುಂದನ್ನು ತಾವಾಗಿಯೇ ಇಟ್ಟು ಅಸೂಯೆಗೆ ಸುಂಕ ತೆರುವುದು. ಮಗು ರಚ್ಚೆ ಹಿಡಿದರೆ ಉಪ್ಪು, ಮೆಣಸಿನಕಾಯಿ ನಿವಾಳಿಸಿ ಒಲೆಗೆ ಹಾಕುವರು. ಘಾಟು ಬಾರದಿದ್ದರೆ ದೃಷ್ಟಿ ತಾಕಿದ್ದು ನಿಜವೆಂದು ನಂಬುಗೆ. ತೆಂಗಿನಕಾಯಿಯನ್ನೇ ನಿವಾಳಿಸಿ ಮೂರು ದಾರಿ ಕೂಡುವಲ್ಲಿ ಒಡೆಯುವುದೂ ಉಂಟು. ದೃಷ್ಟಿಗೆ ಗುರಿಯಾಗುವುದೂ ಅದೇ ಕಾಯಿ, ಮದ್ದಾಗುವುದೂ ಅದೇ!

ಇಷ್ಟರವರೆಗೆ ಯಾರಿಗೂ ಕೇಡಿಲ್ಲ. ಆ ಕಣ್ಣಿಗೆ ಒಬ್ಬ ಒಡೆಯನನ್ನು ಹುಡುಕಹೊರಟಾಗ ಕೇಡು ಮೊದಲಾಗುತ್ತದೆ. ಹೀಚು ಉದುರಿದರೆ, ಮೊನ್ನೆ ಗೊನೆಯನ್ನು ಹೊಗಳಿಹೋದ ನೆರೆಯವನ ನೆನಪಾಗುತ್ತದೆ. ಮಗು ಜ್ವರದಿಂದ ಮಲಗಿದರೆ, ಅದನ್ನು ಎತ್ತಿ ಆಡಿಸಿದ ಮಕ್ಕಳಿಲ್ಲದ ಹೆಂಗಸಿನ ನೆನಪು. ತೆಂಗಿನ ಹೆಣ್ಣುಹೂಗಳಲ್ಲಿ ಬಹುಪಾಲು ಸಹಜವಾಗಿಯೇ ಉದುರುತ್ತವೆ ಎಂಬುದು ಆಗ ಮರೆತುಹೋಗುತ್ತದೆ. ಆ ಹೆಂಗಸಿಗೆ ಮಾತ್ರ ಊರಿನ ಬಾಗಿಲುಗಳು ಒಂದೊಂದಾಗಿ ಮುಚ್ಚುತ್ತವೆ.

1998ರಲ್ಲಿ ಕೇರಳದಲ್ಲಿ ಕಾಣಿಸಿಕೊಂಡ ತೆಂಗಿನ ನುಸಿ ಮುಂದೆ ಈ ಸೀಮೆಗೂ ಹಬ್ಬಿತು. ಕಾಯಿಯ ತೊಟ್ಟಿನ ಎಸಳುಗಳ ಅಡಿಯಲ್ಲಿ ಅವಿತು ರಸ ಹೀರುವ ಈ ಜೀವಿಯ ಉದ್ದ ಸುಮಾರು ಕಾಲು ಮಿಲಿಮೀಟರ್. ಸಿಪ್ಪೆ ಕಂದಿ ಬಿರಿಯಿತು, ಕಾಯಿ ಕುಗ್ಗಿತು. ಹೊಗಳಿಸಿಕೊಂಡ ತೋಟದಲ್ಲಿಯೂ, ಯಾರೂ ತಿರುಗಿ ನೋಡದ ತೋಟದಲ್ಲಿಯೂ. ಅಸೂಯೆಗೆ ಉಳ್ಳವನೊಬ್ಬ, ಇಲ್ಲದವನೊಬ್ಬ ಬೇಕು. ಎಲ್ಲರ ಕಾಯಿಯೂ ಕುಗ್ಗಿದಾಗ ಯಾರ ಕಣ್ಣನ್ನು ದೂರುವುದು? ನರನ ಕಣ್ಣಿನ ಮೇಲೆ ಹೊರಿಸುತ್ತಿದ್ದ ಕೆಲಸವನ್ನು ಆ ಕಣ್ಣಿಗೇ ಕಾಣದ ನುಸಿಯೊಂದು ಮಾಡಿತ್ತು.

ಮಡಕೆ ತೋಟದಲ್ಲಿ ಇದ್ದರೆ ಇರಲಿ; ಕಾಡಿಗೆಯ ಬೊಟ್ಟಿನಲ್ಲಿ ತಾಯಿಯ ಮಮತೆಯಿದೆ. ಹೀಚು ಉದುರಿದ ದಿನ ಮಾತ್ರ, ನೆರೆಯವನ ಮುಖವನ್ನು ನೆನೆಯುವುದಕ್ಕೆ ಮೊದಲು ಅದರ ತೊಟ್ಟನ್ನು ಬಿಡಿಸಿ ನೋಡುವುದು ಲೇಸು.