ಕೋಲಾರ ಸೀಮೆಯ ಪ್ರಭುವರ್ಗ ಮತ್ತು ಭೂಹಿಡುವಳಿ: ಉಂಬಳಿ, ಕೊಡಗೆ, ದಶವಂದ

ಕೋಲಾರ, ಮಾಲೂರು, ಮುಳಬಾಗಿಲು ಮತ್ತು ಶ್ರೀನಿವಾಸಪುರ ತಾಲ್ಲೂಕುಗಳ ಶಾಸನಗಳು ಬಿ. ಎಲ್. ರೈಸ್ ಅವರು 1905ರಲ್ಲಿ ಪ್ರಕಟಿಸಿದ ಎಪಿಗ್ರಾಫಿಯಾ ಕರ್ನಾಟಿಕದ ಹತ್ತನೆಯ ಸಂಪುಟದಲ್ಲಿ ಸೇರಿವೆ. ಕನ್ನಡ, ತಮಿಳು, ತೆಲುಗು ಎಂಬ ಮೂರು ಭಾಷೆಗಳ ಈ ಶಾಸನರಾಶಿಯಲ್ಲಿ ಭೂಮಿಯ ಪ್ರಸ್ತಾಪವಿಲ್ಲದ ದಾನಶಾಸನಗಳು ವಿರಳ. ಗದ್ದೆ, ಬೆದ್ದಲು, ತೋಟ, ಕೆರೆಯ ಕೆಳಗಣ ನೀರುಭೂಮಿ, ಚತುಸ್ಸೀಮೆಗಳ ವಿವರ ಇವೆಲ್ಲವೂ ಅಲ್ಲಿ ಧಾರಾಳವಾಗಿ ದೊರೆಯುತ್ತವೆ. ಆದರೆ ದಾನ ನೀಡಿದ ಪ್ರಭುವಿನ ಬಳಿ ದಾನದ ಅನಂತರ ಎಷ್ಟು ಭೂಮಿ ಉಳಿಯಿತು, ಅದನ್ನು ಆತ ಯಾರಿಂದ ಸಾಗುವಳಿ ಮಾಡಿಸುತ್ತಿದ್ದ ಎಂಬ ಪ್ರಶ್ನೆಗಳಿಗೆ ಈ ಕಲ್ಲುಗಳು ಸಾಮಾನ್ಯವಾಗಿ ಉತ್ತರಿಸುವುದಿಲ್ಲ. ದಾನಶಾಸನವು ಭೂಮಿಯನ್ನು ಅದು ಪ್ರಭುವಿನ ಕೈಬಿಡುವ ಕ್ಷಣದಲ್ಲಿ ಮಾತ್ರ ತೋರಿಸುತ್ತದೆ. ಈ ಸೀಮೆಯ ಭೂಒಡೆತನದ ಬಗೆಗೆ ನಡೆದಿರುವ ಚರ್ಚೆಗಳಲ್ಲಿ ಈ ಮಿತಿಗೆ ದೊರೆಯಬೇಕಾದಷ್ಟು ಗಮನ ದೊರೆತಿಲ್ಲ.

ಇಂಗ್ಲೆಂಡಿನ ಮಧ್ಯಯುಗದ ಉತ್ತರಾರ್ಧದೊಡನೆ ಹೋಲಿಸಿದಾಗ ಈ ವ್ಯತ್ಯಾಸ ಎದ್ದುಕಾಣುತ್ತದೆ. ಅಲ್ಲಿನ ಶ್ರೀಮಂತ ಪ್ರಭುಗಳ ಮೇನರುಗಳಲ್ಲಿ ವರ್ಷವರ್ಷದ ಲೆಕ್ಕಪತ್ರಗಳು ಮತ್ತು ಮೇನರಿನ ನ್ಯಾಯಸಭೆಯ ದಾಖಲೆಗಳು ಚರ್ಮಪತ್ರದ ಸುರುಳಿಗಳಲ್ಲಿ ಉಳಿದುಬಂದಿವೆ. ಪ್ರಭುವಿನ ಸ್ವಂತ ಸಾಗುವಳಿಯ ಭೂಮಿ ಎಷ್ಟು, ಒಕ್ಕಲುಗಳು ಕೊಡಬೇಕಾದ ಬಾಡಿಗೆ ಎಷ್ಟು, ಮಾಡಬೇಕಾದ ಬಿಟ್ಟಿ ದುಡಿಮೆ ಎಷ್ಟು ಎಂಬುದನ್ನು ಅವು ನಮೂದಿಸುತ್ತವೆ. 1348-49ರ ಮಹಾಮಾರಿಯಲ್ಲಿ ದುಡಿಯುವ ಕೈಗಳು ಕಡಿಮೆಯಾದ ಮೇಲೆ ಪ್ರಭುಗಳು ಸ್ವಂತ ಸಾಗುವಳಿಯನ್ನು ಕ್ರಮೇಣ ಕೈಬಿಟ್ಟು ಭೂಮಿಯನ್ನು ಗುತ್ತಿಗೆಗೆ ಕೊಡತೊಡಗಿದರೆಂಬುದು ತಿಳಿದಿರುವುದು ಈ ಲೆಕ್ಕಗಳಿಂದಲೇ. ಹೀಗೆ ಇಂಗ್ಲೆಂಡಿನ ದಾಖಲೆ ಪ್ರಭು ಇಟ್ಟುಕೊಂಡದ್ದನ್ನು ಹೇಳುತ್ತದೆ. ಕೋಲಾರದ ದಾಖಲೆ ಪ್ರಭು ಬಿಟ್ಟುಕೊಟ್ಟದ್ದನ್ನು ಹೇಳುತ್ತದೆ. ಇದನ್ನು ಮರೆತು ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗಿದರೆ, ಇಲ್ಲಿನ ಪ್ರಭುಗಳು ದಾನಶೂರರು, ಅಲ್ಲಿನವರು ಲೆಕ್ಕಿಗರು ಎಂಬ ಹುಸಿ ನಿರ್ಣಯಕ್ಕೆ ಬಂದು ನಿಲ್ಲಬೇಕಾಗುತ್ತದೆ.

ವಿಜಯನಗರದ ಕಾಲದಲ್ಲಿ ಈ ಸೀಮೆಯ ಭೂಮಿಯ ಮೇಲೆ ಅಧಿಕಾರ ನಡೆಸಿದವರಲ್ಲಿ ಎರಡು ಬಗೆಯವರಿದ್ದರು. ಮೊದಲನೆಯವರು ಅರಸನಿಂದ ನಿಯುಕ್ತರಾಗಿ ಬಂದ ರಾಜಕುಮಾರರು, ದಂಡನಾಯಕರು ಮತ್ತು ನಾಯಕರು. ಮುಳಬಾಗಿಲು ಒಂದು ರಾಜ್ಯದ, ಎಂದರೆ ಪ್ರಾಂತದ, ಕೇಂದ್ರವಾಗಿತ್ತು. ಬುಕ್ಕರಾಯನ ಮಗ ಕುಮಾರ ಕಂಪಣ ಇಲ್ಲಿಂದ ಆಳಿ, ತೆಂಕಣಕ್ಕೆ ದಂಡೆತ್ತಿ ಮಧುರೆಯನ್ನು ಗೆದ್ದನು. ಇಮ್ಮಡಿ ದೇವರಾಯನ ಕಾಲದಲ್ಲಿ ಲಕ್ಕಣ್ಣ ದಂಡನಾಯಕ ಮತ್ತು ಆತನ ಸೋದರ ಮಾದಣ್ಣ ಇಲ್ಲಿ ಅಧಿಕಾರದಲ್ಲಿದ್ದರು. 'ಶಿವತತ್ತ್ವ ಚಿಂತಾಮಣಿ'ಯ ಕರ್ತೃವಾದ ಈ ಲಕ್ಕಣ್ಣನೇ ಮುಂದೆ ಮಧುರೆಯ ಕಡೆಯ ಆಡಳಿತವನ್ನು ವಹಿಸಿ ದಕ್ಷಿಣ ಸಮುದ್ರಾಧೀಶ್ವರನೆನಿಸಿಕೊಂಡನು. ಮಾಲೂರು ತಾಲ್ಲೂಕಿನ ಟೇಕಲ್ಲಿನಲ್ಲಿ ಸಾಳುವ ಗೋಪರಾಜನಿದ್ದನು. ಅಲ್ಲಿಯ ವರದರಾಜ ದೇವಾಲಯದೊಡನೆ ಅವನ ಹೆಸರು ಸೇರಿಕೊಂಡಿದೆ. ಅದೇ ಸಾಳುವ ವಂಶದ ನರಸಿಂಹ ಚಂದ್ರಗಿರಿಯಲ್ಲಿ ಬಲಗೊಂಡು 1485ರಲ್ಲಿ ವಿಜಯನಗರದ ಸಿಂಹಾಸನವನ್ನೇ ಏರಿದನು. ಇವರೆಲ್ಲರಿಗೂ ಸಮಾನವಾದ ಅಂಶವೊಂದಿದೆ. ಇವರ ಹಿರಿಮೆ ಒಂದು ಊರಿನ ಮಣ್ಣಿಗೆ ಅಂಟಿಕೊಂಡಿರಲಿಲ್ಲ. ಅಧಿಕಾರ ಎಲ್ಲಿಗೋ ಭೂಮಿಯ ಮೇಲಣ ಹಕ್ಕು ಅಲ್ಲಿಗೆ.

1535ರ ಸುಮಾರಿನಲ್ಲಿ ಬರೆದ ಪೋರ್ಚುಗೀಸ್ ವರದಿಗಾರ ನೂನಿಜ್, ಭೂಮಿಯೆಲ್ಲವೂ ಅರಸನದು, ನಾಯಕರು ಅದನ್ನು ಅರಸನಿಂದ ಪಡೆದು ಒಕ್ಕಲಿಗರಿಗೆ ವಹಿಸುತ್ತಾರೆ, ಒಕ್ಕಲಿಗರು ಹತ್ತರಲ್ಲಿ ಒಂಬತ್ತು ಪಾಲನ್ನು ಒಡೆಯನಿಗೆ ತೆರುತ್ತಾರೆ ಎಂದು ಹೇಳುತ್ತಾನೆ. ಒಂಬತ್ತು ಪಾಲಿನ ಮಾತು ಅತಿಶಯೋಕ್ತಿಯೆಂದೇ ತೋರುತ್ತದೆ. ಹಾಗೆ ತೆತ್ತ ರೈತ ಮರುವರ್ಷ ಬಿತ್ತಲು ಉಳಿಯುತ್ತಿರಲಿಲ್ಲ. ಭೂಮಿಯೆಲ್ಲವೂ ಅರಸನದೆಂಬ ತತ್ತ್ವ 1066ರ ಅನಂತರದ ಇಂಗ್ಲೆಂಡಿನಲ್ಲಿಯೂ ಇದ್ದಿತು. ಅಲ್ಲಿ ಆ ತತ್ತ್ವ ಹೆಸರಿಗೆ ಮಾತ್ರ ಉಳಿದು, 1285ರ ಶಾಸನದ ಬಲದಿಂದ ಎಸ್ಟೇಟು ವಂಶದಿಂದ ಹೊರಹೋಗದಂತೆ ಕಟ್ಟುಪಾಡಾಯಿತು. ಹಿರಿಯ ಮಗನಿಗೇ ಆಸ್ತಿ ಸಲ್ಲುವ ಪದ್ಧತಿಯೂ ಅದನ್ನು ಒಡೆಯದಂತೆ ಕಾಯಿತು. ಇಲ್ಲಿ ಅಮರನಾಯಕನ ಹಿಡುವಳಿಗೆ ಅಂತಹ ರಕ್ಷಣೆ ಇರಲಿಲ್ಲ.

ಎರಡನೆಯ ಬಗೆಯವರು ನಾಡಪ್ರಭುಗಳು, ಗೌಡರು. ಇವರ ಬೇರು ನೆಲದಲ್ಲಿತ್ತು. ಮೊರಸುನಾಡಿನ ಆವತಿ ಪ್ರಭುಗಳ ಪರಂಪರೆಗೆ ಸೇರಿದವರೆಂದು ಐತಿಹ್ಯ ಹೇಳುವ ಸುಗಟೂರಿನ ತಮ್ಮೇಗೌಡರ ಮನೆತನ ಈ ವರ್ಗದ ಮುಖ್ಯ ನಿದರ್ಶನ. ವಿಜಯನಗರದ ಕೊನೆಗಾಲದಲ್ಲಿ ಚಿಕ್ಕರಾಯನೆಂಬ ಬಿರುದನ್ನು ಪಡೆದು, ಕೋಲಾರ, ಮುಳಬಾಗಿಲು, ಹೊಸಕೋಟೆ, ಪುಂಗನೂರು ಪ್ರದೇಶಗಳಲ್ಲಿ ಈ ಮನೆತನ ಪ್ರಬಲವಾಯಿತು. ಹೊಸಕೋಟೆಯ ಕೋಟೆ ಮತ್ತು ದೊಡ್ಡ ಕೆರೆ ಇವರ ನಿರ್ಮಾಣ. ಕೋಟೆಯೊಡನೆ ಕೆರೆಯನ್ನೂ ಕಟ್ಟಿಸಿದುದು ಆಕಸ್ಮಿಕವಲ್ಲ.

ಕೋಲಾರ ಸೀಮೆಯಲ್ಲಿ ವರ್ಷವಿಡೀ ಹರಿಯುವ ನದಿಯಿಲ್ಲ. ನಂದಿಯ ಕಡೆಯಿಂದ ಹರಿದುಬರುವ ಪಾಲಾರಿನ ನೀರು ಒಂದು ಕೆರೆಯ ಕೋಡಿಯಿಂದ ಮತ್ತೊಂದು ಕೆರೆಗೆ ಸಾಗುತ್ತದೆ. ಇಂತಹ ಕಡೆ ಭೂಮಿಯ ಬೆಲೆಯನ್ನು ನಿರ್ಧರಿಸುವುದು ಅದರ ವಿಸ್ತಾರವಲ್ಲ, ಅದು ಯಾವ ತೂಬಿನ ಕೆಳಗಿದೆ ಎಂಬುದು. ಶಾಸನಗಳಲ್ಲಿ ಗದ್ದೆಯನ್ನು ಅದರಲ್ಲಿ ಬಿತ್ತುವ ಬೀಜದ ಪ್ರಮಾಣದಿಂದ, ಖಂಡುಗ ಕೊಳಗಗಳಲ್ಲಿ ಅಳೆದಿರುವುದಕ್ಕೂ ಇದಕ್ಕೂ ಸಂಬಂಧವಿದೆ. ಗಂಗರ ಕಾಲದ ಬಿತ್ತುವಟ್ಟ, ಅನಂತರದ ಕಟ್ಟುಕೊಡಗೆ, ದಶವಂದ ಇವೆಲ್ಲವೂ ಕೆರೆಗೆ ಸಂಬಂಧಿಸಿದ ಹಕ್ಕುಗಳು. ಕೆರೆಯನ್ನು ಕಟ್ಟಿಸಿದವನಿಗೆ, ಒಡೆದ ಏರಿಯನ್ನು ಸರಿಪಡಿಸಿದವನಿಗೆ, ಹೂಳೆತ್ತಿಸಿದವನಿಗೆ ಅಚ್ಚುಕಟ್ಟಿನಲ್ಲಿ ಒಂದು ಭಾಗ ಭೂಮಿಯನ್ನು ಇಲ್ಲವೆ ಹತ್ತನೆಯ ಒಂದು ಪಾಲನ್ನು ಬಿಟ್ಟುಕೊಡುತ್ತಿದ್ದರು.

ಈ ವರ್ಗದ ಶಾಸನಗಳು ಸಾಮಾನ್ಯ ದಾನಶಾಸನಗಳಿಗಿಂತ ಬೇರೆಯಾದವು. ಪುಣ್ಯದ ಮಾತು ಇಲ್ಲಿಯೂ ಇರುತ್ತದೆ, ಆದರೆ ಅದರ ಜತೆಗೆ ಒಂದು ಕರಾರೂ ಇರುತ್ತದೆ. ದುಡಿಮೆ ಮತ್ತು ಹಣ ಹೂಡಿದವನು ಯಾರು, ಅದಕ್ಕೆ ಪ್ರತಿಯಾಗಿ ಅವನಿಗೂ ಅವನ ಸಂತತಿಗೂ ಸಲ್ಲುವುದೇನು ಎಂಬುದು ಗೊತ್ತಾಗುತ್ತದೆ. ಅಷ್ಟಭೋಗಗಳೆಂದು ಶಾಸನಗಳು ಎಣಿಸುವ ನಿಧಿ, ನಿಕ್ಷೇಪ, ಜಲ, ಪಾಷಾಣ, ಅಕ್ಷೀಣಿ, ಆಗಾಮಿ, ಸಿದ್ಧ, ಸಾಧ್ಯಗಳಲ್ಲಿ ಜಲವೂ ಒಂದಾಗಿ ನಿಂತಿರುವುದನ್ನು ಇಲ್ಲಿ ನೆನೆಯಬಹುದು. ಭೂಮಿಯೆಂಬುದು ಒಬ್ಬನದೇ ಆದ ಅಖಂಡ ವಸ್ತುವಲ್ಲ. ಹಲವು ಹಕ್ಕುಗಳ ಕಂತೆ. ಅರಸನಿಗೆ ಕಂದಾಯ, ನಾಡಪ್ರಭುವಿಗೆ ಅವನ ಪಾಲು, ದೇವಾಲಯಕ್ಕೆ ದೇವದಾಯ, ಕೆರೆ ಕಟ್ಟಿಸಿದವನಿಗೆ ದಶವಂದ, ನೀರು ಬಿಡುವ ನೀರಗಂಟಿಗೆ ಆಯ, ಉಳಿದದ್ದು ಉತ್ತವನಿಗೆ. ಒಂದೇ ಗದ್ದೆಯ ಬೆಳೆ ಕಣದಲ್ಲಿಯೇ ಹೀಗೆ ಹಂಚಿಹೋಗುತ್ತಿತ್ತು. ನಾಡಪ್ರಭುವಿನ ಬಲವಿದ್ದುದು ಈ ಹಂಚಿಕೆಯ ನಡುವೆ ನಿಂತು ಅದನ್ನು ನಡೆಸಿಕೊಡುವುದರಲ್ಲಿ.

ನಾಯಕತನವನ್ನು ನೀಲಕಂಠ ಶಾಸ್ತ್ರಿಗಳು ಸೈನಿಕ ವ್ಯವಸ್ಥೆಯಾಗಿ ಕಂಡರು. ಬರ್ಟನ್ ಸ್ಟೈನ್ ಸ್ಥಳೀಯ ಘಟಕಗಳ ಸ್ವಾಯತ್ತತೆಗೆ ಒತ್ತುಕೊಟ್ಟರು. ನೊಬೊರು ಕರಾಶಿಮಾ ತಮಿಳುನಾಡಿನ ಶಾಸನಗಳ ಆಧಾರದಿಂದ ನಾಯಕರಲ್ಲಿ ಊಳಿಗಮಾನ್ಯದ ಲಕ್ಷಣಗಳನ್ನು ಗುರುತಿಸಿದರು. ಕೋಲಾರದ ಸಾಮಗ್ರಿ ಈ ಮೂರರಲ್ಲಿ ಯಾವುದಕ್ಕೂ ಪೂರ್ತಿ ಒಗ್ಗುವುದಿಲ್ಲ. ದಂಡನಾಯಕರನ್ನು ಮುಂದಿಟ್ಟುಕೊಂಡವರಿಗೆ ಕೇಂದ್ರದ ಹಿಡಿತ ಕಾಣುತ್ತದೆ, ಗೌಡರನ್ನು ಮುಂದಿಟ್ಟುಕೊಂಡವರಿಗೆ ಸ್ಥಳೀಯ ಸ್ವಾಯತ್ತತೆ.

ಯಾವ ವರ್ಗ ಎಷ್ಟು ಕಾಲ ಬಾಳಿತೆಂಬುದನ್ನು ಮುಂದಿನ ಇತಿಹಾಸ ತೋರಿಸಿಕೊಟ್ಟಿತು. 1638ರ ಸುಮಾರಿನ ಬಿಜಾಪುರದ ದಂಡಯಾತ್ರೆಗಳ ಅನಂತರ ಕೋಲಾರ ಷಹಜಿಯ ಜಹಗೀರಿಗೆ ಸೇರಿತು. 1687ರಿಂದ ಮೊಗಲರ ಶಿರಾ ಸುಬಾದ ಒಂದು ಪರಗಣೆಯಾಯಿತು. ಹೈದರಾಲಿಯ ತಂದೆ ಫತೆ ಮಹಮ್ಮದ್ ಕೋಲಾರದ ಫೌಜುದಾರನಾಗಿದ್ದನು. ವಿಜಯನಗರದ ದಂಡನಾಯಕರ ಹಿಡುವಳಿಗಳ ಕುರುಹು ಆ ವೇಳೆಗೆ ಅಳಿಸಿಹೋಗಿತ್ತು. ದಿವಾನ್ ಪೂರ್ಣಯ್ಯನವರ ಕಾಲದಲ್ಲಿ ಪಾಪನಪಲ್ಲಿ ಎಂಬ ಊರು ಅವರ ಮಗನ ಹೆಸರಿನಿಂದ ಶ್ರೀನಿವಾಸಪುರವಾಯಿತು. 1807ರಲ್ಲಿ ಪೂರ್ಣಯ್ಯನವರಿಗೆ ಜಹಗೀರಾಗಿ ದೊರೆತದ್ದು ಮಾತ್ರ ದೂರದ ಯಳಂದೂರು.

ಸುಗಟೂರಿನ ಮನೆತನದ ಕವಲು ಪುಂಗನೂರಿನಲ್ಲಿ ಜಮೀನ್ದಾರಿಯಾಗಿ ಬ್ರಿಟಿಷರ ಆಳ್ವಿಕೆಯನ್ನೂ ದಾಟಿ ಬಂದಿತು. ಅದು ಕೊನೆಗೊಂಡದ್ದು 1948ರ ಮದರಾಸು ಎಸ್ಟೇಟು ರದ್ದಿಯಾತಿ ಕಾಯಿದೆಯಿಂದ. ಗಡಿಯ ಈಚೆ, ಮೈಸೂರು ಸೀಮೆಯಲ್ಲಿ, ವೈಯಕ್ತಿಕ ಇನಾಮುಗಳನ್ನು 1954ರ ಕಾಯಿದೆಯೂ, ಗ್ರಾಮಾಧಿಕಾರಗಳಿಗೆ ಅಂಟಿಕೊಂಡಿದ್ದ ಇನಾಮುಗಳನ್ನು 1961ರ ಕಾಯಿದೆಯೂ ರದ್ದುಪಡಿಸಿದವು. ಪಟೇಲ, ಶಾನುಭೋಗರ ಇನಾಮಿನೊಡನೆ, ತೂಬು ತೆಗೆದು ಮುಚ್ಚಿ ಸರದಿಯ ನೀರು ಹಂಚುತ್ತಿದ್ದ ನೀರಗಂಟಿಯ ಇನಾಮೂ ಹೋಯಿತು.