ಲಾಳಿ ನಿಂತ ಹೊತ್ತು

ದೊಡ್ಡಬಳ್ಳಾಪುರದ ಮಗ್ಗದ ಮನೆಯ ಮುಂದೆ ಹಾದುಹೋಗುವವರ ಕಿವಿಗೆ ಮೊದಲು ಬೀಳುವುದು ಸದ್ದು. ಒಳಗಿರುವವರ ಮಾತೆಲ್ಲವೂ ಅದರಲ್ಲಿ ಮುಳುಗಿಹೋಗಿರುತ್ತದೆ. ಕರೆಂಟು ಹೋದೊಡನೆ ಆ ಮನೆಯ ಸ್ವರೂಪವೇ ಬೇರೆ: ಲಾಳಿ ನಿಲ್ಲುತ್ತದೆ, ನೇಕಾರನು ತುಂಡಾದ ಎಳೆಯೊಂದನ್ನು ಬೆರಳ ತುದಿಯಲ್ಲಿ ಹೊಸೆದು ಗಂಟಿಕ್ಕುತ್ತಾನೆ, ಕಂಡಿಕೆ ಸುತ್ತುತ್ತಿದ್ದ ಗೃಹಿಣಿಯು ಸೆರಗಿನಿಂದ ಬೆವರೊರಸಿಕೊಂಡು, ಬೆಳಗಿನಿಂದ ಅರ್ಧಕ್ಕೇ ನಿಂತಿದ್ದ ಮಗಳ ಫೀಜಿನ ಮಾತನ್ನು ಮತ್ತೆ ಎತ್ತುತ್ತಾಳೆ. ಮಗ್ಗದ ಚಿತ್ರ ತೆಗೆಯಬಂದವರು ಸಾಮಾನ್ಯವಾಗಿ ಆ ಹೊತ್ತಿಗೆ ಕ್ಯಾಮೆರಾ ಮುಚ್ಚಿ ಕಾಫಿಗೆ ಹೊರಟಿರುತ್ತಾರೆ. ವೀಕ್ಷಣಾತ್ಮಕ ಸಾಕ್ಷ್ಯಚಿತ್ರವೆಂಬ ಕಲೆಗೆ ಬೇಕಾದದ್ದಾದರೋ ಆ ಹೊತ್ತೇ.

1948ರಲ್ಲಿ ಸ್ಥಾಪಿತವಾದ ಫಿಲ್ಮ್ಸ್ ಡಿವಿಷನ್ನಿನ ಚಿತ್ರಗಳನ್ನು ಟಾಕೀಸಿನಲ್ಲಿ ಮುಖ್ಯ ಚಿತ್ರಕ್ಕೆ ಮೊದಲು ನೋಡಿ ಬೆಳೆದವರಿಗೆ ಸಾಕ್ಷ್ಯಚಿತ್ರವೆಂದರೆ ಗಂಭೀರಕಂಠದ ವ್ಯಾಖ್ಯಾನ. ಅಣೆಕಟ್ಟೆಯಾದರೂ ಸರಿ, ಆಡುಮರಿಯಾದರೂ ಸರಿ, ಧ್ವನಿ ಒಂದೇ. ಅಮೆರಿಕದ ಫ್ರೆಡರಿಕ್ ವೈಸ್‌ಮನ್ 1967ರ ತಮ್ಮ ಮೊದಲ ಚಿತ್ರದಿಂದಲೇ ಆ ವ್ಯಾಖ್ಯಾನವನ್ನೂ ಸಂದರ್ಶನವನ್ನೂ ತೊರೆದು, ಆಸ್ಪತ್ರೆ, ಶಾಲೆ, ಕಚೇರಿಗಳಲ್ಲಿ ನಡೆದದ್ದನ್ನು ನಡೆದಂತೆ ಚಿತ್ರೀಕರಿಸಿ, ತಮ್ಮ ಅಭಿಪ್ರಾಯವನ್ನೆಲ್ಲ ಸಂಕಲನದ ಮೇಜಿಗೆ ಬಿಟ್ಟರು. ನೋಟವು ತಟಸ್ಥವೆಂದು ಭ್ರಮಿಸುವವರು ಆ ಮೇಜನ್ನು ಮರೆಯುತ್ತಾರೆ.

ನಮ್ಮ ನಾಡಿನಲ್ಲಿ ಈ ಮಾತಿಗೆ ನಿದರ್ಶನವಾಗಿ ನನಗೆ ನೆನಪಾಗುವುದು ನಿಪ್ಪಾಣಿ. ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್, ಛಾಯಾಗ್ರಾಹಕ ನವ್ರೋಜ್ ಕಾಂಟ್ರಾಕ್ಟರ್ ಇವರು 1980ರಲ್ಲಿ ಕಟ್ಟಿದ 'ಯುಗಾಂತರ' ಬಳಗವು ಅಲ್ಲಿನ ತಂಬಾಕು ಕಾರ್ಖಾನೆಗಳ ಹೆಣ್ಣಾಳುಗಳನ್ನು ಕುರಿತು 1982ರಲ್ಲಿ 'ತಂಬಾಕು ಚಾಕಿಲಾ ಊಬ್ ಆಲಿ' ಎಂಬ ಚಿತ್ರವನ್ನು, ಆ ಹೆಂಗಸರಾಡುವ ಮರಾಠಿಯಲ್ಲಿಯೇ ತಯಾರಿಸಿತು. ಬಳಗದವರು ಸುಮಾರು ನಾಲ್ಕು ತಿಂಗಳು ಆ ಕಾರ್ಮಿಕರೊಡನೆ ಕಳೆದು, ದಣಿವು, ದೂಳು, ಕೂಲಿ, ಸಂಘ ಕಟ್ಟುವ ಚರ್ಚೆ ಇವೆಲ್ಲವನ್ನೂ ಕೇಳಿಸಿಕೊಂಡರು. ಯಾವುದನ್ನು ಹೇಗೆ ತೋರಿಸಬೇಕೆಂಬ ವಿಚಾರದಲ್ಲಿ ಆ ಹೆಂಗಸರೂ ಪಾಲುಗೊಂಡರು. ಮೂಲೆಯಲ್ಲಿ ನಿಂತು ಸುಮ್ಮನೆ ನೋಡುವುದೇ ವ್ರತವೆನ್ನುವ ಮಡಿವಂತರು ಇದನ್ನು ಒಪ್ಪಲಾರರು. ನನಗೇನೋ ಅವರ ಮಡಿಗಿಂತ ಈ ಬಳಕೆಯೇ ಹೆಚ್ಚೆನಿಸುತ್ತದೆ. ಪರಿಚಯವಿಲ್ಲದವನ ಮುಂದೆ ಯಾರು ತಾನೆ ಎಂದಿನಂತೆ ಇರಬಲ್ಲರು? ಕ್ಯಾಮೆರಾ ಕಂಡೊಡನೆ ಸೆರಗು ಸರಿಪಡಿಸಿಕೊಳ್ಳುವ ಹೆಂಗಸು, ಅದರ ಕಡೆ ಗಮನವೇ ಇಲ್ಲದೆ ನೆರೆಯವಳೊಡನೆ ಜಗಳವಾಡುವಷ್ಟು ಸಲಿಗೆ ಬೆಳೆಯಬೇಕಾದರೆ ದಿನಗಳು ಹಿಡಿಯುತ್ತವೆ. ಆ ನಾಲ್ಕು ತಿಂಗಳ ಒಡನಾಟದಿಂದ ಹೊರಬಂದ ಚಿತ್ರದ ಅವಧಿ ಅರ್ಧ ಗಂಟೆಯೂ ಇಲ್ಲ.

ದೊಡ್ಡಬಳ್ಳಾಪುರದ ಸೀರೆಯ ಮಗ್ಗಗಳನ್ನಾಗಲಿ, ವಿಮಾನಗಳ ಕೆಳಗೆ ಉಳುತ್ತಿರುವ ದೇವನಹಳ್ಳಿಯ ಹೊಲಗಳನ್ನಾಗಲಿ ಚಿತ್ರೀಕರಿಸಬೇಕೆಂಬ ಆಸೆಯುಳ್ಳ ತರುಣರು ಈ ಸೀಮೆಯಲ್ಲಿ ಇದ್ದೇ ಇರುತ್ತಾರೆ. ಕ್ಯಾಮೆರಾವಾದರೋ ಎಲ್ಲರ ಜೇಬಿನಲ್ಲೂ ಇದೆ. ಮೊದಲ ಕೆಲವು ದಿನ ಅದನ್ನು ಮನೆಯಲ್ಲೇ ಬಿಟ್ಟು ಬನ್ನಿರೆಂದು ಅವರಲ್ಲಿ ನನ್ನ ವಿನಂತಿ.