ಮಳೆಗೆ ಸಾಕ್ಷಿ ಯಾರು?

ವರದಾ ನದಿಯು ಹುಟ್ಟುವ ವರದಮೂಲದ ಸುತ್ತಣ ಸಾಗರ, ಹೊಸನಗರ, ತೀರ್ಥಹಳ್ಳಿ ಸೀಮೆಯಲ್ಲಿ ಅಡಿಕೆಗೆ ಮಳೆಯೇ ಬಂಧು, ಮಳೆಯೇ ವೈರಿ. ಮಳೆ ಬಿಡದೆ ಹಿಡಿದುಕೊಂಡಿತೆಂದರೆ ಕೊಳೆರೋಗ ತಗುಲಿ ಕಾಯಿ ಉದುರುವುದು. ಈ ನಷ್ಟಕ್ಕೆ ಆಸರೆಯಾಗಿ 2016ರಲ್ಲಿ ಪುನರ್ರಚಿತ ಹವಾಮಾನ ಆಧಾರಿತ ಬೆಳೆ ವಿಮಾ ಯೋಜನೆಯು ಜಾರಿಗೆ ಬಂದಿತು. ಇದರಲ್ಲಿ ಪರಿಹಾರವನ್ನು ನಿರ್ಣಯಿಸುವುದು ಮಳೆಮಾಪಕವು ತೋರಿಸಿದ ಅಂಕಿಯೇ ಹೊರತು ತೋಟದಲ್ಲಿ ಉದುರಿದ ಕಾಯಿಗಳ ಎಣಿಕೆಯಲ್ಲ. ಆದುದರಿಂದ ಆ ಅಂಕಿಯನ್ನು ನಂಬುವುದು ಹೇಗೆಂಬ ಪ್ರಶ್ನೆಯು ಬೆಳೆಗಾರನ ಪಾಲಿಗೆ ಜೀವನದ ಪ್ರಶ್ನೆಯೇ ಆಗಿದೆ.

ಈ ಯೋಜನೆಗೆ ಬ್ಲಾಕ್‌ಚೈನ್ ಬೇಕಾಗಿಲ್ಲ. ಆದರೆ ಇದೇ ಪ್ರಶ್ನೆಯು ಬ್ಲಾಕ್‌ಚೈನಿನಲ್ಲಿ ಇನ್ನಷ್ಟು ನಿಚ್ಚಳವಾಗಿ ಕಾಣುತ್ತದೆ. ಬ್ಲಾಕ್‌ಚೈನ್ ಎಂಬುದು ಸಾವಿರಾರು ಗಣಕಯಂತ್ರಗಳು ಒಂದೇ ಪ್ರತಿಯಾಗಿ ಕಾಪಾಡುವ ಲೆಕ್ಕದ ಪುಸ್ತಕ. 2015ರಲ್ಲಿ ಆರಂಭವಾದ ಇಥೀರಿಯಮ್‌ನಲ್ಲಿ ಕರಾರುಗಳನ್ನೂ ಬರೆದಿಡಬಹುದು. “ಮಳೆ 100 ಮಿಲಿಮೀಟರನ್ನು ಮೀರಿದರೆ ಹಣ ಸಲ್ಲತಕ್ಕದ್ದು” ಎಂದು ಬರೆದಿಟ್ಟರೆ, ಷರತ್ತು ನೆರವೇರಿದೊಡನೆ ಹಣವು ತಾನಾಗಿ ಸಲ್ಲುತ್ತದೆ.

ಆದರೆ ಮಳೆ ಬಂದುದನ್ನು ಆ ಪುಸ್ತಕವು ತಾನೇ ಅರಿಯಲಾರದು. ಪ್ರತಿಯೊಂದು ಯಂತ್ರವೂ ಅದೇ ಲೆಕ್ಕವನ್ನು ಮತ್ತೆ ಮಾಡಿ ಅದೇ ಉತ್ತರವನ್ನು ಪಡೆಯಬೇಕೆಂಬುದು ಅಲ್ಲಿನ ಮೂಲನಿಯಮ. ಯಂತ್ರಗಳು ಒಂದೊಂದೂ ಬೇರೆ ಬೇರೆ ಗಳಿಗೆಯಲ್ಲಿ ಹೊರಗಿನ ಸುದ್ದಿಯನ್ನು ವಿಚಾರಿಸಿದರೆ ಉತ್ತರಗಳು ಬೇರೆಯಾಗಿ ಒಮ್ಮತವು ಮುರಿಯುವುದು. ಆದಕಾರಣ ಸುದ್ದಿಯನ್ನು ಹೊರಗಿನಿಂದ ತಂದು ಪುಸ್ತಕದಲ್ಲಿ ದಾಖಲಿಸುವ ದೂತನೊಬ್ಬನು ಬೇಕು. ದೇವವಾಣಿಯ ಸ್ಥಾನಕ್ಕೆ ಬಳಸಿದ ಲ್ಯಾಟಿನ್ ಮಾತಿನಿಂದಲೇ ಈ ದೂತನಿಗೆ ‘ಒರಾಕಲ್’ ಎಂಬ ಹೆಸರು ಬಂದಿದೆ.

ದೂತನು ಒಬ್ಬನೇ ಆದರೆ ಅವನ ತಪ್ಪೇ ಎಲ್ಲರ ತಪ್ಪು. ಆದುದರಿಂದ ಹಲವು ಸ್ವತಂತ್ರ ದೂತರನ್ನು ನೇಮಿಸುವ ಕ್ರಮವು ಬಳಕೆಗೆ ಬಂದಿತು. 2019ರಲ್ಲಿ ಇಥೀರಿಯಮ್ ಮೇಲೆ ಕಾರ್ಯಾರಂಭ ಮಾಡಿದ ಚೈನ್‌ಲಿಂಕ್ ಇದಕ್ಕೆ ನಿದರ್ಶನ. ಹತ್ತಿರ ಹತ್ತಿರದ ಐದು ಮಾಪಕಗಳು 118, 121, 120, 119 ಮತ್ತು 0 ಮಿಲಿಮೀಟರ್ ತೋರಿಸಿದುವೆಂದು ಭಾವಿಸೋಣ. ಕೊನೆಯದರ ಬಾಯಿಗೆ ತರಗೆಲೆ ಕಟ್ಟಿಕೊಂಡಿದೆ. ಸರಾಸರಿಯು 95.6, ಬೆಳೆಗಾರನಿಗೆ ಪರಿಹಾರವಿಲ್ಲ! ಅಂಕಿಗಳನ್ನು ಏರಿಕೆಯ ಕ್ರಮದಲ್ಲಿ ಜೋಡಿಸಿ ನಡುವಿನದನ್ನು ತೆಗೆದುಕೊಂಡರೆ 119, ಪರಿಹಾರ ಸಲ್ಲುತ್ತದೆ. ಈ ಮಧ್ಯಾಂಕವನ್ನೇ ಒರಾಕಲ್ ಜಾಲಗಳು ಸಾಮಾನ್ಯವಾಗಿ ಆಶ್ರಯಿಸುತ್ತವೆ. ಕೆಲವು ಜಾಲಗಳಲ್ಲಿ ದೂತರು ಠೇವಣಿ ಇಡಬೇಕು. ಸುಳ್ಳಾಡಿದವರು ಅದನ್ನು ಕಳೆದುಕೊಳ್ಳುವರು.

ಇಲ್ಲಿ ವಾಚಕರು ಒಂದು ಸೂಕ್ಷ್ಮವನ್ನು ಗಮನಿಸಬೇಕು. ಐವರು ದೂತರೂ ಪಂಚಾಯಿತಿಯ ಒಂದೇ ಮಾಪಕವನ್ನು ನೋಡಿಬಂದು ಹೇಳಿದರೆ ಸಾಕ್ಷಿಗಳು ಐದಾಗುವುದಿಲ್ಲ. ಒಂದೇ ಸಾಕ್ಷಿಯ ಮಾತು ಐದು ಬಾರಿ ಕೇಳಿಸುತ್ತದೆ, ಅಷ್ಟೆ. ಅಲ್ಲದೆ ಮಲೆನಾಡಿನಲ್ಲಿ ಗುಡ್ಡದ ಈಚೆಗೆ ಸುರಿದ ಮಳೆ ಆಚೆಗೆ ಸುರಿಯದಿರಬಹುದು. ಅಂತಹ ಕಡೆ ದೂರದ ಮಾಪಕಗಳ ಮಧ್ಯಾಂಕವು ನಿಜವಾದ ಮಳೆಯನ್ನೇ ಮರೆಮಾಚೀತು.

ಬ್ಲಾಕ್‌ಚೈನ್ ಕೊಡುವ ಭರವಸೆ ಇಷ್ಟೆ: ಒಮ್ಮೆ ದಾಖಲಾದ ಅಂಕಿಯನ್ನು ಯಾರೂ ಗುಟ್ಟಾಗಿ ತಿದ್ದಲಾರರು. ದಾಖಲಾಗುವ ಮುನ್ನ ಅದು ಸರಿಯಾಗಿತ್ತೇ ಎಂಬುದಕ್ಕೆ ಬಯಲಿನಲ್ಲಿ ನೆಟ್ಟಗೆ ನಿಲ್ಲಿಸಿದ, ಕಾಲಕಾಲಕ್ಕೆ ಶುಚಿಗೊಳಿಸಿ ಪರೀಕ್ಷಿಸಿದ ಮಾಪಕಗಳೇ ಹೊಣೆ. ಯಾವ ವಿಮೆಯೇ ಆಗಲಿ, ಮಾಪಕವೆಲ್ಲಿದೆ, ಅದನ್ನು ಪರೀಕ್ಷಿಸುವವರು ಯಾರು, ಅದು ಕೆಟ್ಟಾಗ ಯಾವ ಅಂಕಿಯನ್ನು ಹಿಡಿಯುವರು ಎಂಬುದನ್ನು ಬೆಳೆಗಾರನು ಮೊದಲೇ ಕೇಳಿ ತಿಳಿದುಕೊಳ್ಳುವುದು ಲೇಸು.